ಚೀನಾದವಳಾಗಿ ಹಾಡಿದ ಜಪಾನಿನ ಹುಡುಗಿ

ಜಪಾನಿನ ಸಿನಿಮಾ ಅಂದರೆ ನಮ್ಮಲ್ಲಿ ಮೊದಲು ಬರುವ ಹೆಸರು ನಿರ್ದೇಶಕ ಕುರೊಸಾವಾ, ಅದರ ಹಿಂದೆಯೇ ಕತ್ತಿ ಹಿಡಿದ ನಟ ತೊಶಿರೊ ಮಿಫುನೆ. ಯೋಶಿಕೊ ಯಾಮಾಗುಚಿ ಅನ್ನುವ ನಟಿ ನನಗೆ ಸಿಕ್ಕಿದ್ದೂ ಇವರಿಬ್ಬರ ಮೂಲಕವೇ. 1950ರ 'ಸ್ಕ್ಯಾಂಡಲ್' ಕುರೊಸಾವಾ ಅವರ ದೊಡ್ಡ ಚಿತ್ರಗಳ ಸಾಲಿಗೆ ಸೇರುವುದಿಲ್ಲ, ಅಭಿಮಾನಿಗಳೂ ಅದನ್ನು ಸುಮ್ನೆ ದಾಟಿಕೊಂಡು ಹೋಗುತ್ತಾರೆ. ಕಥೆ ಇಷ್ಟೇ. ಒಬ್ಬ ಚಿತ್ರಕಾರ (ಮಿಫುನೆ) ಬೆಟ್ಟದ ದಾರಿಯಲ್ಲಿ ಸಿಕ್ಕ ಹಾಡುಗಾರ್ತಿಯನ್ನು ತನ್ನ ಬೈಕಿನಲ್ಲಿ ಹೋಟೆಲ್‌ಗೆ ಬಿಡುತ್ತಾನೆ, ಇಬ್ಬರೂ ಬಾಲ್ಕನಿಯಲ್ಲಿ ನಿಂತು ಮಾತಾಡುವಾಗ ಪತ್ರಿಕೆಯವರು ಕದ್ದು ಫೋಟೋ ಹೊಡೆಯುತ್ತಾರೆ, ಆಮೇಲೆ ಇಲ್ಲದ ಪ್ರೇಮಕಥೆಯೊಂದು ಊರೆಲ್ಲ ಹಬ್ಬುತ್ತದೆ.

ಆ ಹಾಡುಗಾರ್ತಿಯ ಪಾತ್ರ ಯೋಶಿಕೊದು. ಪತ್ರಿಕೆಯವರ ಸುಳ್ಳಿಗೆ ಸಿಕ್ಕಿ ಒದ್ದಾಡುವ ಹೆಣ್ಣು. ಪಾತ್ರದಲ್ಲಿ ಅಂಥ ವಿಶೇಷವೇನೂ ಕಾಣಲಿಲ್ಲ, ನಿಜ ಹೇಳಬೇಕೆಂದರೆ ಚಿತ್ರದ ಎರಡನೇ ಅರ್ಧದಲ್ಲಿ ವಕೀಲನ ಪಾತ್ರ ಮಾಡಿದ ತಕಾಶಿ ಶಿಮುರಾ ಎಲ್ಲರನ್ನೂ ನುಂಗಿಬಿಡುತ್ತಾರೆ. ಆದರೆ ಆ ನಟಿಯ ಹಿನ್ನೆಲೆ ಓದಿದ ಮೇಲೆ ಅದೇ ದೃಶ್ಯಗಳನ್ನು ಬೇರೆ ಕಣ್ಣಿನಿಂದ ನೋಡಬೇಕಾಯಿತು. ಯಾಕೆಂದರೆ ಈ ಚಿತ್ರಕ್ಕೆ ಐದು ವರ್ಷ ಮೊದಲು ಶಾಂಘೈಯ ಪತ್ರಿಕೆಗಳು ಆಕೆಯನ್ನು ಗುಂಡಿಟ್ಟು ಕೊಲ್ಲುವ ದಿನವನ್ನು, ಜಾಗವನ್ನು ಅಚ್ಚು ಹಾಕಿದ್ದವು. 1945ರ ಡಿಸೆಂಬರ್ 8, ಶಾಂಘೈಯ ರೇಸ್‌ಕೋರ್ಸ್. ಆಪಾದನೆ, ಚೀನಾದವಳಾಗಿ ಹುಟ್ಟಿ ಚೀನಾಕ್ಕೇ ದ್ರೋಹ ಬಗೆದಳು ಅನ್ನುವುದು. ಆಕೆ ಚೀನಾದವಳೇ ಅಲ್ಲ! ಅದು ಗೊತ್ತಿದ್ದವರು ಬಹಳ ಕಡಿಮೆ ಮಂದಿ, ಗೊತ್ತಾಗದ ಹಾಗೆ ನೋಡಿಕೊಂಡವರು ಒಂದು ಇಡೀ ಸಿನಿಮಾ ಕಂಪನಿ, ಅದರ ಹಿಂದೆ ಒಂದು ಸೈನ್ಯ.

ಸಿನಿಮಾದವರ ಬದುಕಿನಲ್ಲಿ ಸಣ್ಣಪುಟ್ಟ ಸುಳ್ಳುಗಳು ಹೊಸದೇನಲ್ಲ. ಹೆಸರು ಬದಲಾಯಿಸುತ್ತಾರೆ, ವಯಸ್ಸು ಕಡಿಮೆ ಹೇಳುತ್ತಾರೆ, ಮದುವೆಯಾದದ್ದನ್ನು ಮುಚ್ಚಿಡುತ್ತಾರೆ. ನಮ್ಮ ಕಡೆಯೂ ಊರು ಬೇರೆ, ಭಾಷೆ ಬೇರೆಯಾದ ಎಷ್ಟೋ ನಾಯಕಿಯರು ಇಲ್ಲಿಗೆ ಬಂದು ಹೊಸ ಹೆಸರಿನಲ್ಲಿ ಗೆದ್ದಿದ್ದಾರೆ, ಅದನ್ನು ಯಾರೂ ತಪ್ಪು ಅನ್ನುವುದಿಲ್ಲ. ಯೋಶಿಕೊ ಕಥೆಯಲ್ಲೂ ಸುಳ್ಳು ಶುರುವಾಗುವುದು ಇಷ್ಟೇ ಸಲೀಸಾಗಿ. ಅದಕ್ಕೇ ನನಗೆ ಈ ಕಥೆ ಬಿಟ್ಟುಬಿಡಲು ಆಗಿಲ್ಲ.

ಹುಟ್ಟಿದ್ದು 1920ರ ಫೆಬ್ರವರಿ 12, ಚೀನಾದ ಈಶಾನ್ಯ ಮೂಲೆಯ ಮಂಚೂರಿಯಾದಲ್ಲಿ. ಬೆಳೆದದ್ದು ಫುಶುನ್ ಅನ್ನುವ ಕಲ್ಲಿದ್ದಲು ಗಣಿಯ ಊರಿನಲ್ಲಿ. ಅಪ್ಪ ಫುಮಿಯೊ ಯಾಮಾಗುಚಿಗೆ ಚೀನಾದ ಭಾಷೆ, ಸಂಸ್ಕೃತಿ ಅಂದರೆ ಪ್ರಾಣ. ದಕ್ಷಿಣ ಮಂಚೂರಿಯಾ ರೈಲ್ವೆಯ ಜಪಾನೀ ನೌಕರರಿಗೆ ಚೀನೀ ಭಾಷೆ ಕಲಿಸುವುದು ಅವರ ಕೆಲಸ. ಮಗಳಿಗೂ ಕಲಿಸಿದರು. ಉಚ್ಚಾರ ಎಷ್ಟು ಚೊಕ್ಕವಾಗಿತ್ತೆಂದರೆ ಮಾತು ಕೇಳಿ ಯಾರೂ ಆಕೆಯನ್ನು ಜಪಾನಿನವಳು ಅಂದುಕೊಳ್ಳುತ್ತಿರಲಿಲ್ಲ. ಈ ರೈಲ್ವೆ ಬರೀ ರೈಲು ಓಡಿಸುವ ಕಂಪನಿ ಆಗಿರಲಿಲ್ಲ ಅನ್ನುವುದನ್ನೂ ಹೇಳಿಬಿಡುತ್ತೇನೆ. ಗಣಿ, ಊರು, ಶಾಲೆ, ಆಸ್ಪತ್ರೆ, ಹೋಟೆಲ್ ಎಲ್ಲ ಅದರ ಕೈಯಲ್ಲೇ ಇತ್ತು. ಜಪಾನ್ ಆ ನೆಲದೊಳಗೆ ಕಾಲಿಟ್ಟದ್ದೇ ಆ ಹಳಿಗಳ ಮೇಲೆ. 1931ರಲ್ಲಿ ಸೈನ್ಯ ಮಂಚೂರಿಯಾವನ್ನು ಹಿಡಿದುಕೊಂಡಿತು, ಮರುವರ್ಷ ಮಂಚುಕುವೊ ಅನ್ನುವ ಹೆಸರಿಗಷ್ಟೇ ಸ್ವತಂತ್ರವಾದ ರಾಜ್ಯವೊಂದನ್ನು ಕಟ್ಟಿ ನಿಲ್ಲಿಸಿತು.

1932ರ ಸೆಪ್ಟೆಂಬರಿನಲ್ಲಿ ಫುಶುನ್ ಗಣಿಯ ಮೇಲೆ ಚೀನೀ ಬಂಡುಕೋರರ ದಾಳಿಯಾಯಿತು. ಅದಕ್ಕೆ ಸೇಡು ಅಂತ ಜಪಾನೀ ಸೈನಿಕರು ಪಕ್ಕದ ಪಿಂಗ್‌ಡಿಂಗ್‌ಶಾನ್ ಹಳ್ಳಿಯ ಜನರನ್ನು ಒಂದೆಡೆ ಸೇರಿಸಿ ಕೊಂದರು. ಹೆಂಗಸರು, ಮಕ್ಕಳು ಅನ್ನದೆ. ಯೋಶಿಕೊಗೆ ಆಗ 12 ವರ್ಷ. ಮನೆಯ ಕಿಟಕಿಯಿಂದ ಆಕೆ ನೋಡಿದ್ದು ಮರಕ್ಕೆ ಕಟ್ಟಿಹಾಕಿದ್ದ ಒಬ್ಬ ಚೀನೀ ಮನುಷ್ಯನನ್ನು ಬಡಿಯುತ್ತಿದ್ದದ್ದನ್ನು. ಚೀನೀ ಗೆಳೆಯರು ಜಾಸ್ತಿ ಅನ್ನುವ ಕಾರಣಕ್ಕೆ ಅಪ್ಪನ ಮೇಲೂ ಅನುಮಾನ ಬಂತು, ವಿಚಾರಣೆಯಾಯಿತು, ಮನೆಯವರು ಮುಕ್ದೆನ್‌ಗೆ, ಅಂದರೆ ಇಂದಿನ ಶೆನ್ಯಾಂಗ್‌ಗೆ ಬಂದರು.

ಅಲ್ಲಿ ಸಿಕ್ಕಿದವಳು ಲ್ಯೂಬಾ. ರಷ್ಯಾದ ಯಹೂದಿ ಹುಡುಗಿ, ಯೋಶಿಕೊ ವಯಸ್ಸಿನವಳೇ. ಈ ಹೆಸರು ನೆನಪಿಟ್ಟುಕೊಳ್ಳಿ, ಮುಂದೆ ಬರುತ್ತಾಳೆ. ಯೋಶಿಕೊಗೆ ಶ್ವಾಸಕೋಶದ ಕಾಯಿಲೆ ಬಂದಾಗ, ಹಾಡು ಕಲಿತರೆ ಉಸಿರಾಟ ಸುಧಾರಿಸುತ್ತದೆ ಅಂತ ಆಕೆಯನ್ನು ಮದಾಮ್ ಪೊದ್ರೆಸೊವ್ ಅನ್ನುವ ಹಾಡುಗಾರ್ತಿಯ ಬಳಿ ಕರೆದುಕೊಂಡು ಹೋದದ್ದು ಲ್ಯೂಬಾ. ಆ ಗುರುವಿನ ಕಾರ್ಯಕ್ರಮದಲ್ಲಿ ಹುಡುಗಿ ಹಾಡಿದ್ದನ್ನು ಮುಕ್ದೆನ್ ರೇಡಿಯೋದವರೊಬ್ಬರು ಕೇಳಿದರು. ಅವರಿಗೆ ಬೇಕಾಗಿದ್ದದ್ದು ಸಂಗೀತದ ಬರಹ ಓದಲು ಬರುವ, ಜಪಾನೀ ಭಾಷೆಯೂ ಗೊತ್ತಿರುವ ಚೀನೀ ಹುಡುಗಿ. ಅಂಥವಳು ಸಿಗಲಿಲ್ಲ. ಇವಳು ಸಿಕ್ಕಿದಳು. ಅಪ್ಪನ ಗೆಳೆಯ, ಚೀನೀ ಜನರಲ್ ಲಿ ಜಿಚುನ್, ಅಲ್ಲಿನ ಪದ್ಧತಿಯಂತೆ ಆಕೆಯನ್ನು ಮಗಳೆಂದು ಸ್ವೀಕರಿಸಿ ಲಿ ಶ್ಯಾಂಗ್‌ಲಾನ್ ಅನ್ನುವ ಹೆಸರು ಕೊಟ್ಟಿದ್ದರು. ಅದು ಎರಡು ಮನೆಗಳ ನಡುವಿನ ಪ್ರೀತಿಯ ಸಂಪ್ರದಾಯ, ಅದರಲ್ಲಿ ಮೋಸ ಇರಲಿಲ್ಲ. ರೇಡಿಯೋದವರು ಆ ಹೆಸರನ್ನೇ ಎತ್ತಿಕೊಂಡರು. ಹದಿಮೂರರ ಹುಡುಗಿ ಚೀನಾದವಳಾಗಿ ಹಾಡತೊಡಗಿದಳು. ಮನೆಯಲ್ಲಿ ಯಾರೂ ಬೇಡ ಅನ್ನಲಿಲ್ಲ.

1934ರಲ್ಲಿ ಓದಲು ಬೀಜಿಂಗ್‌ಗೆ ಹೋದಳು. ಅಲ್ಲಿ ಅಪ್ಪನ ಇನ್ನೊಬ್ಬ ಗೆಳೆಯ ಪಾನ್ ಯುಗುಯಿ ಅವರ ಮನೆ, ಮತ್ತೊಂದು ಹೆಸರು, ಪಾನ್ ಶುಹುವಾ. ಶಾಲೆಯಲ್ಲಿ ಎಲ್ಲರಿಗೂ ಆಕೆ ಚೀನೀ ಹುಡುಗಿ. ಆ ಹೊತ್ತಿಗೆ ಬೀಜಿಂಗ್‌ನಲ್ಲಿ ವಿದ್ಯಾರ್ಥಿಗಳು ಜಪಾನ್ ವಿರುದ್ಧ ಬೀದಿಗಿಳಿದಿದ್ದರು. ಒಂದು ಸಭೆಯಲ್ಲಿ ಪ್ರಶ್ನೆ ಬಂತು, ಜಪಾನಿನ ಸೈನ್ಯ ಬೀಜಿಂಗ್‌ಗೆ ನುಗ್ಗಿದರೆ ನೀವೇನು ಮಾಡುತ್ತೀರಿ ಅಂತ. ಒಬ್ಬರು ಹೋರಾಡುತ್ತೇನೆ ಅಂದರು, ಇನ್ನೊಬ್ಬರು ಸೈನ್ಯ ಸೇರುತ್ತೇನೆ ಅಂದರು. ಯೋಶಿಕೊ ಸರದಿ ಬಂದಾಗ, ನಾನು ಬೀಜಿಂಗ್‌ನ ಕೋಟೆ ಗೋಡೆಯ ಮೇಲೆ ನಿಲ್ಲುತ್ತೇನೆ ಅಂದಳು. ಹೊರಗಿನಿಂದ ಜಪಾನಿನ ಗುಂಡು, ಒಳಗಿನಿಂದ ಚೀನಾದ ಗುಂಡು, ಯಾವುದಾದರೂ ಒಂದು ತಗುಲಿ ಮೊದಲು ಸಾಯುವವಳು ತಾನೇ ಅಂತ ಮನಸ್ಸಿನಲ್ಲಿ. ಗೆಳತಿಯರಿಗೆ ಅದು ವೀರಮಾತಾಗಿ ಕೇಳಿಸಿರಬೇಕು.

ಇದನ್ನು ಆಕೆ 1987ರಲ್ಲಿ ಪತ್ರಕರ್ತ ಸಕುಯಾ ಫುಜಿವಾರಾ ಜೊತೆ ಸೇರಿ ಬರೆದ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. ಐವತ್ತು ವರ್ಷ ಕಳೆದ ಮೇಲೆ ನೆನಪಿಸಿಕೊಂಡ ಮಾತು, ಒಂಚೂರು ಹೊಳಪು ಹತ್ತಿರಬಹುದು. ಆದರೂ ನಾನು ನಂಬುತ್ತೇನೆ. ಹದಿನೈದರ ಹುಡುಗಿಯೊಬ್ಬಳು ಸುಳ್ಳು ಹೇಳದೆ, ನಿಜವನ್ನೂ ಬಿಟ್ಟುಕೊಡದೆ ಪಾರಾಗಲು ಇದಕ್ಕಿಂತ ಬೇರೆ ಯಾವ ಉತ್ತರ ಕೊಡಲು ಸಾಧ್ಯವಿತ್ತು?

1937ರಲ್ಲಿ ಮಂಚೂರಿಯಾದಲ್ಲಿ ಮಾನ್‌ಎಯ್ ಅನ್ನುವ ಸಿನಿಮಾ ಕಂಪನಿ ಶುರುವಾಯಿತು. ರೈಲ್ವೆ ಮತ್ತು ಮಂಚುಕುವೊ ಸರ್ಕಾರ ಸೇರಿ ಕಟ್ಟಿದ್ದು. ಜಪಾನಿನ ಆಳ್ವಿಕೆ ಚೀನಾದವರಿಗೆ ಒಳ್ಳೆಯದು ಅಂತ ಹಾಡಿಸಿ, ಕುಣಿಸಿ, ಅಳಿಸಿ ನಂಬಿಸುವುದು ಅದರ ಕೆಲಸ. ಹಾಡಲು ಮಾತ್ರ ಬಾ ಅಂತ ಕರೆದು ಯೋಶಿಕೊಳನ್ನು ಕ್ಯಾಮೆರಾ ಮುಂದೆ ನಿಲ್ಲಿಸಿಬಿಟ್ಟರು. 1938ರಲ್ಲಿ ಮೊದಲ ಚಿತ್ರ ಬಂತು, ಮಧುಚಂದ್ರದ ರೈಲಿನಲ್ಲಿ ನಡೆಯುವ ಹಗುರ ಹಾಸ್ಯ. ಅದಾದ ಮುಂದಿನ ವರ್ಷ ಕಂಪನಿಯ ಮುಖ್ಯಸ್ಥನಾಗಿ ಬಂದವನು ಮಸಾಹಿಕೊ ಅಮಾಕಾಸು. 1923ರ ಟೋಕಿಯೊ ಭೂಕಂಪದ ಗದ್ದಲದಲ್ಲಿ ಅರಾಜಕತಾವಾದಿ ಸಾಕಾಯೆ ಒಸುಗಿ, ಆತನ ಸಂಗಾತಿ ನೊಯೆ ಇತೊ, ಜೊತೆಗಿದ್ದ ಆರು ವರ್ಷದ ಹುಡುಗ, ಈ ಮೂವರನ್ನು ಕೊಂದ ಪ್ರಕರಣದಲ್ಲಿ ಜೈಲಿಗೆ ಹೋಗಿ ಕೆಲವೇ ವರ್ಷದಲ್ಲಿ ಹೊರಬಂದ ಮಿಲಿಟರಿ ಪೊಲೀಸ್ ಅಧಿಕಾರಿ ಈತ. ಇಂಥವನು ಸಿನಿಮಾ ಕಂಪನಿ ನಡೆಸುತ್ತಿದ್ದ. ಚೆನ್ನಾಗಿಯೇ ನಡೆಸುತ್ತಿದ್ದ ಅಂತಲೂ ಹೇಳುತ್ತಾರೆ.

ಅದೇ 1938ರಲ್ಲಿ ಯೋಶಿಕೊ ಜೀವಮಾನದಲ್ಲಿ ಮೊದಲ ಸಲ ತಾಯ್ನಾಡು ಜಪಾನ್‌ಗೆ ಬಂದಳು. ಹಡಗು ಶಿಮೊನೊಸೆಕಿ ಮುಟ್ಟಿತು. ಪಾಸ್‌ಪೋರ್ಟ್ ನೋಡಿದ ಅಧಿಕಾರಿ ಸಿಡುಕಿದ. ಜಪಾನಿನವಳಾಗಿ ಚೀನೀ ಬಟ್ಟೆ ಹಾಕಿಕೊಂಡು, ಚೀನೀ ಭಾಷೆ ಮಾತಾಡಿಕೊಂಡು ತಿರುಗಲು ನಾಚಿಕೆಯಾಗುವುದಿಲ್ಲವಾ ಅಂತ. ನಾವು ಮೊದಲನೇ ದರ್ಜೆಯ ಜನ, ಅವರು ಮೂರನೇ ದರ್ಜೆ ಅನ್ನುವ ಧಾಟಿ. ತಮಾಷೆ ನೋಡಿ, ಆಕೆ ಆ ಬಟ್ಟೆಯಲ್ಲಿ ಅಲ್ಲಿಗೆ ಬಂದದ್ದೇ ಎರಡು ದೇಶಗಳ ಗೆಳೆತನ ಸಾರುವ ಪ್ರಚಾರಕ್ಕೆ.

ನಂತರ ಬಂದವು ಆಕೆಯನ್ನು ದೊಡ್ಡ ತಾರೆ ಮಾಡಿದ ಮೂರು ಚಿತ್ರಗಳು. ಟೋಕಿಯೊದ ತೊಹೊ ಸಂಸ್ಥೆಯ ಜೊತೆ ಸೇರಿ ಮಾಡಿದ್ದವು, ನಾಯಕ ಕಜುವೊ ಹಸೆಗಾವಾ, ಆ ಕಾಲದ ಹೆಣ್ಣುಮಕ್ಕಳ ಕಣ್ಮಣಿ. ಮೂರರಲ್ಲೂ ಕಥೆಯ ಎಲುಬು ಒಂದೇ, ಚೀನೀ ಹುಡುಗಿಗೆ ಜಪಾನೀ ಗಂಡಸಿನ ಮೇಲೆ ಪ್ರೀತಿ. ಇವುಗಳಲ್ಲಿ 1940ರ 'ಶಿನಾ ನೊ ಯೊರು' ಜಾಸ್ತಿ ಹೆಸರಾಯಿತು, ಜಾಸ್ತಿ ಕೆಡುಕೂ ಮಾಡಿತು. ಯುದ್ಧದಲ್ಲಿ ಮನೆಯವರನ್ನು ಕಳೆದುಕೊಂಡ ಚೀನೀ ಹುಡುಗಿ ಜಪಾನಿನವರನ್ನು ಕಂಡರೆ ಉರಿದುಬೀಳುತ್ತಾಳೆ. ಒಬ್ಬ ಜಪಾನೀ ಹಡಗಿನವನು ಆಕೆಗೆ ಆಸರೆ ಕೊಡುತ್ತಾನೆ, ಆಕೆ ಬಗ್ಗುವುದಿಲ್ಲ, ಕೊನೆಗೊಮ್ಮೆ ಆತ ಕೆನ್ನೆಗೆ ಬಾರಿಸುತ್ತಾನೆ. ಆ ಏಟು ಬಿದ್ದ ಗಳಿಗೆಯಿಂದ ಹುಡುಗಿಗೆ ಪ್ರೀತಿ. ತನ್ನ ದ್ವೇಷಕ್ಕೆ ಆಕೆಯೇ ಕ್ಷಮೆ ಕೇಳುತ್ತಾಳೆ.

ಜಪಾನಿನ ಪ್ರೇಕ್ಷಕರಿಗೆ ಇದು ಪ್ರೀತಿಯ ದೃಶ್ಯ. ಹೊಡೆದದ್ದು ಒಳ್ಳೆಯದಕ್ಕೇ ಅಂತ. ಹೆಂಡತಿಗೆ ಒಂದೇಟು ಕೊಟ್ಟು ದಾರಿಗೆ ತರುವ ನಾಯಕರಿಗೆ ನಮ್ಮ ಥಿಯೇಟರುಗಳಲ್ಲೂ ಶಿಳ್ಳೆ ಬಿದ್ದ ಕಾಲ ಇತ್ತು, ಹಾಗಾಗಿ ಅವರನ್ನು ನೋಡಿ ನಾವು ಮೂಗು ಮುರಿಯುವ ಹಾಗಿಲ್ಲ. ಚೀನಾದ ಪ್ರೇಕ್ಷಕರಿಗೆ ಮಾತ್ರ ಆ ಕೆನ್ನೆ ತಮ್ಮದೇ ಕೆನ್ನೆಯಾಗಿತ್ತು. 1937ರ ಕೊನೆಯಲ್ಲಿ ನಾನ್‌ಜಿಂಗ್‌ನಲ್ಲಿ ಜಪಾನೀ ಸೈನ್ಯ ನಡೆಸಿದ ಕೊಲೆ, ಅತ್ಯಾಚಾರಗಳು ಮುಗಿದು ಮೂರು ವರ್ಷವೂ ಆಗಿರಲಿಲ್ಲ. ಹೊಡೆಸಿಕೊಂಡು ಪ್ರೀತಿಸುವ ಆ ಹುಡುಗಿ ನಮ್ಮವಳೇ ಅಂತ ಅವರು ನಂಬಿದ್ದರು. ಹೊಟ್ಟೆ ಉರಿದದ್ದು ಅದಕ್ಕೆ.

ಇದೇ ಚಿತ್ರಕ್ಕೆ ರ್ಯೋಯಿಚಿ ಹತ್ತೋರಿ ಮಾಡಿದ ಸುಝೌ ಊರಿನ ಮೇಲಿನ ಹಾಡು ಇವತ್ತಿಗೂ ಜಪಾನಿನಲ್ಲಿ ಎಲ್ಲರ ಬಾಯಲ್ಲಿದೆ. ನಾನೂ ಅದನ್ನು ಎಷ್ಟೋ ಸಲ ಕೇಳಿದ್ದೇನೆ. ಬಹಳ ಚೆಂದದ ಹಾಡು, ನಿಧಾನವಾಗಿ ತೇಲುವ ರಾಗ, ಯೋಶಿಕೊಳ ದನಿಯಲ್ಲಿ ಪಾಶ್ಚಾತ್ಯ ಸಂಗೀತ ಕಲಿತವರ ತೆಳುವಾದ ಎತ್ತರ. ಯಾವ ಚಿತ್ರಕ್ಕಾಗಿ ಹಾಡಿದ್ದು ಅಂತ ಗೊತ್ತಾದ ಮೇಲೂ ಚೆಂದವೇ. ಅದು ನನಗೆ ಸ್ವಲ್ಪ ಕಿರಿಕಿರಿ ಮಾಡುತ್ತದೆ, ಆದರೆ ಕೇಳುವುದನ್ನು ಬಿಟ್ಟಿಲ್ಲ.

1941ರ ಫೆಬ್ರವರಿ 11ರಂದು ಟೋಕಿಯೊದ ನಿಚಿಗೆಕಿ ಥಿಯೇಟರಿನಲ್ಲಿ ಆಕೆಯ ಹಾಡಿನ ಕಾರ್ಯಕ್ರಮ ಇತ್ತು. ಜಪಾನಿನವರು ಆಕೆಯನ್ನು ಕರೆಯುತ್ತಿದ್ದದ್ದು ರಿ ಕೋರಾನ್ ಅಂತ. ಟಿಕೆಟಿನ ಸಾಲು ಥಿಯೇಟರನ್ನು ಏಳೂವರೆ ಸುತ್ತು ಸುತ್ತಿಕೊಂಡಿತ್ತು ಅನ್ನುವುದು ಜಪಾನಿನ ಮನರಂಜನೆ ಜಗತ್ತಿನ ದೊಡ್ಡ ದಂತಕಥೆ. ಜನ ಹತೋಟಿಗೆ ಬರದೆ ಪೊಲೀಸರು ಬರಬೇಕಾಯಿತು. ಮಾರನೇ ದಿನ ಆಕೆಗೆ 21 ತುಂಬಿತು. ಸುಮ್ನೆ ಯೋಚಿಸಿ, ಚೀನಾದ ಜೊತೆ ಯುದ್ಧ ಮಾಡುತ್ತಿರುವ ದೇಶ, ಚೀನಾದವಳು ಅಂತ ತಾನು ನಂಬಿದ ಹುಡುಗಿಯ ಹಾಡಿಗಾಗಿ ನೂಕುನುಗ್ಗಲು ಮಾಡುತ್ತಿದೆ. ಅವರಿಗೆ ಬೇಕಾಗಿದ್ದ ಚೀನಾ ಅದೇ. ಹಾಡುವ, ನಗುವ, ತಮ್ಮನ್ನು ಪ್ರೀತಿಸುವ ಚೀನಾ.

1943ರಲ್ಲಿ ದಾರಿ ಸ್ವಲ್ಪ ತಿರುಗಿತು. ಶಾಂಘೈಯಲ್ಲಿ ಅಫೀಮು ಯುದ್ಧದ ಮೇಲೆ ದೊಡ್ಡ ಚಿತ್ರವೊಂದು ತಯಾರಾಯಿತು. ಬ್ರಿಟಿಷರು ಎಂಥ ದುಷ್ಟರು ಅಂತ ತೋರಿಸುವುದು ಜಪಾನಿನ ಲೆಕ್ಕ. ಅದರಲ್ಲಿ ಯೋಶಿಕೊಗೆ ಅಫೀಮಿನ ಅಡ್ಡೆಯಲ್ಲಿ ಮಿಠಾಯಿ ಮಾರುತ್ತಾ, ಅಫೀಮು ಬಿಡಿ ಅಂತ ಹಾಡುವ ಹುಡುಗಿಯ ಪಾತ್ರ. ಚೀನೀ ಜನ ಚಿತ್ರ ನೋಡಿ ಮೆಚ್ಚಿಕೊಂಡರು, ಪರದೆಯ ಮೇಲೆ ಬ್ರಿಟಿಷರು ಇದ್ದರೂ ಮನಸ್ಸಿನಲ್ಲಿ ಕಂಡದ್ದು ಬೇರೆ ದಾಳಿಕೋರರೇ ಆಗಿರಬೇಕು. ಅಲ್ಲಿಯವರೆಗೆ ಆಕೆಯನ್ನು ಅನುಮಾನದಿಂದ ನೋಡಿದವರೂ ಈಗ ನಮ್ಮ ತಾರೆ ಅಂದರು. ಇದು ಇನ್ನೂ ದೊಡ್ಡ ಇಕ್ಕಟ್ಟು.

ಆ ಗೆಲುವಿನ ನಂತರ ಬೀಜಿಂಗ್‌ನಲ್ಲಿ ಪತ್ರಕರ್ತರ ಜೊತೆ ಮಾತುಕತೆ ನಡೆಯಿತು. ನಿಜ ಹೇಳಿಬಿಡಬೇಕು ಅಂತ ಆಕೆ ಅಂದುಕೊಂಡಿದ್ದಳು, ಹೇಳಬೇಡ ಅಂತ ಅಲ್ಲಿನ ಹಿರಿಯರೊಬ್ಬರು ತಡೆದಿದ್ದರು. ಎಲ್ಲ ಮುಗಿದು ಏಳುವ ಹೊತ್ತಿಗೆ ಒಬ್ಬ ಯುವಕ ಎದ್ದು ನಿಂತ. ಚೀನಾವನ್ನು ಅವಮಾನಿಸುವ ಆ ಚಿತ್ರಗಳಲ್ಲಿ ನೀವು ಯಾಕೆ ನಟಿಸಿದಿರಿ, ಚೀನಾದವರು ಅನ್ನುವ ಅಭಿಮಾನ ಎಲ್ಲಿ ಹೋಗಿತ್ತು ಅಂತ ಕೇಳಿದ. ಆಗ ಚಿಕ್ಕವಳಾಗಿದ್ದೆ, ತಿಳಿಯಲಿಲ್ಲ, ಇನ್ನು ಮೇಲೆ ಹಾಗೆ ಮಾಡುವುದಿಲ್ಲ, ಕ್ಷಮಿಸಿ ಅಂದಳು. ಸಭೆ ಚಪ್ಪಾಳೆ ತಟ್ಟಿತು.

ಇಡೀ ಕಥೆಯಲ್ಲಿ ನನ್ನನ್ನು ಜಾಸ್ತಿ ಕಾಡುವುದು ಈ ಚಪ್ಪಾಳೆ. ಕ್ಷಮೆ ನಿಜ, ಕೇಳಿದವಳು ಮಾತ್ರ ಅವರು ಅಂದುಕೊಂಡವಳಲ್ಲ. ಕ್ಷಮೆ ಕೇಳುತ್ತಲೇ ಮತ್ತೊಮ್ಮೆ ಮೋಸ ಮಾಡಿದ ಹಾಗಾಯಿತು. 1944ರಲ್ಲಿ ಮಾನ್‌ಎಯ್ ಬಿಟ್ಟು ಬಂದಳು. ಅಮಾಕಾಸು ತಡೆಯಲಿಲ್ಲವಂತೆ.

ಶಾಂಘೈ ವರ್ಷಗಳ ಬಗ್ಗೆ ಸಂಗೀತದ ಕಡೆಯಿಂದಲೂ ಒಂದು ಮಾತು ಹೇಳಬೇಕು. ಆ ಊರಿನ ಏಳು ಮಹಾ ಗಾಯಕಿಯರು ಅಂತ ಚೀನಾದವರು ಪಟ್ಟಿ ಮಾಡುವಾಗ ಝೌ ಶ್ವಾನ್, ಬಾಯ್ ಗುವಾಂಗ್ ಇವರ ಸಾಲಿನಲ್ಲಿ ಲಿ ಶ್ಯಾಂಗ್‌ಲಾನ್ ಹೆಸರನ್ನೂ ಇಡುತ್ತಾರೆ, ಇವತ್ತಿಗೂ. 1944ರಲ್ಲಿ ಲಿ ಜಿಂಗುವಾಂಗ್ ಸಂಗೀತದಲ್ಲಿ ಆಕೆ ಹಾಡಿದ 'ಯೆ ಲಾಯ್ ಶ್ಯಾಂಗ್' ರುಂಬಾ ತಾಳದ ಹಾಡು, ರಾತ್ರಿ ಅರಳಿ ಪರಿಮಳ ಬೀರುವ ಹೂವಿನ ಮೇಲೆ. ಮುಂದೆ ತೆರೇಸಾ ತೆಂಗ್ ಹಾಡಿ ಹೊಸ ತಲೆಮಾರಿಗೆ ದಾಟಿಸಿದರು, ಈಗ ಕೇಳಿದವರಿಗೆ ತೆರೇಸಾ ದನಿಯೇ ಮೊದಲು ನೆನಪಾಗುವುದು. 1945ರಲ್ಲಿ, ಜಪಾನ್ ಸೋಲುವ ಕೆಲವೇ ವಾರ ಮೊದಲು, ಶಾಂಘೈಯ ಗ್ರ್ಯಾಂಡ್ ಥಿಯೇಟರಿನಲ್ಲಿ ದೊಡ್ಡ ವಾದ್ಯವೃಂದದ ಜೊತೆ ಈ ಹಾಡನ್ನು ಹಿಗ್ಗಿಸಿ, ಹತ್ತೋರಿ ಕೈಚಳಕದಲ್ಲಿ ಜಾಝ್ ಬೆರೆಸಿ ಹಾಡಿದಳು. ಥಿಯೇಟರ್ ತುಂಬಿತ್ತು. ಅದೇ ಕಾರ್ಯಕ್ರಮಕ್ಕೆ, ವರ್ಷಗಟ್ಟಲೆ ಸುದ್ದಿಯೇ ಇಲ್ಲದ ಲ್ಯೂಬಾ ಬಂದಳು. ಆಗ ಆಕೆ ಶಾಂಘೈಯ ಸೋವಿಯತ್ ಕಾನ್ಸುಲೇಟ್‌ನಲ್ಲಿ ಕೆಲಸದಲ್ಲಿದ್ದಳು.

ಆಗಸ್ಟ್‌ನಲ್ಲಿ ಯುದ್ಧ ಮುಗಿಯಿತು. ಅಮಾಕಾಸು ಸಯನೈಡ್ ಕುಡಿದು ಸತ್ತ. ಶಾಂಘೈಯಲ್ಲಿ ಯೋಶಿಕೊಳನ್ನು ಕಾವಲಿನಲ್ಲಿಟ್ಟರು. ಶತ್ರುವಿಗೆ ನೆರವಾದ ಚೀನೀಯರನ್ನು ಹುಡುಕಿ ಶಿಕ್ಷೆ ಕೊಡುತ್ತಿದ್ದ ಕಾಲ. ನಾನು ಚೀನಾದವಳಲ್ಲ ಅಂತ ಆಕೆ ಎಷ್ಟು ಹೇಳಿದರೂ ಯಾರು ನಂಬಬೇಕು? ಜೀವ ಉಳಿಸಿಕೊಳ್ಳಲು ಹೇಳುವ ಸುಳ್ಳಿನ ಹಾಗೆಯೇ ಕೇಳಿಸುತ್ತಿತ್ತು. ಜಪಾನಿನಲ್ಲಿ ಪ್ರತಿ ಮನೆತನಕ್ಕೂ ಸರ್ಕಾರಿ ದಾಖಲೆ ಇರುತ್ತದೆ, ಹುಟ್ಟು ಮದುವೆ ಸಾವು ಎಲ್ಲ ಅದರಲ್ಲಿ. ಅದರ ಪ್ರತಿ ಬೀಜಿಂಗ್‌ನಲ್ಲಿದ್ದ ಅಪ್ಪ ಅಮ್ಮನ ಬಳಿ ಇತ್ತು. ಲ್ಯೂಬಾ ಬೀಜಿಂಗ್‌ಗೆ ಹೋದಳು. ಯೋಶಿಕೊ ಚಿಕ್ಕಂದಿನ ಜಪಾನೀ ಗೊಂಬೆಯೊಂದರೊಳಗೆ ಬಚ್ಚಿಟ್ಟ ಆ ಕಾಗದ ಶಾಂಘೈ ತಲುಪಿತು. 1946ರ ಫೆಬ್ರವರಿಯಲ್ಲಿ ನ್ಯಾಯಾಧೀಶರು ಬಿಟ್ಟುಬಿಟ್ಟರು. ಕಾನೂನಿನ ಪ್ರಕಾರ ಅಪರಾಧ ಇಲ್ಲ, ಆದರೆ ಚೀನೀ ಹೆಸರಿನಲ್ಲಿ ಅಂಥ ಚಿತ್ರ ಮಾಡಿದ್ದು ನೈತಿಕವಾಗಿ ಸರಿಯಲ್ಲ ಅಂದರು. ಆಕೆ ತಲೆ ಬಾಗಿಸಿ ಒಪ್ಪಿಕೊಂಡಳು. ಮಾರ್ಚ್ ಕೊನೆಗೆ ಹಡಗು ಹತ್ತಿದಾಗ ಹಡಗಿನ ರೇಡಿಯೋದಲ್ಲಿ ಶಾಂಘೈ ಕೇಂದ್ರದಿಂದ ತನ್ನದೇ 'ಯೆ ಲಾಯ್ ಶ್ಯಾಂಗ್' ಬರುತ್ತಿತ್ತು ಅಂತ ಬರೆದುಕೊಂಡಿದ್ದಾರೆ. ಸಿನಿಮಾದಲ್ಲಿ ಹೀಗೆ ತೋರಿಸಿದರೆ ನಾವು ಅತಿಯಾಯಿತು ಅನ್ನುತ್ತೇವೆ.

ಇದರ ಪಕ್ಕದಲ್ಲೇ ಇನ್ನೊಬ್ಬಳ ಕಥೆ ಇಡಬೇಕು. ಯೋಶಿಕೊ ಕವಾಶಿಮಾ. ಹೆಸರೂ ಒಂದೇ, ಪರಿಚಯವೂ ಇತ್ತು. ಹುಟ್ಟಿನಿಂದ ಮಂಚು ರಾಜಕುಮಾರಿ, ಜಪಾನೀ ಮನೆಯಲ್ಲಿ ಸಾಕುಮಗಳಾಗಿ ಬೆಳೆದವಳು, ಗಂಡುಡುಗೆ ತೊಟ್ಟು ಜಪಾನಿನ ಪರವಾಗಿ ಬೇಹುಗಾರಿಕೆ ಮಾಡಿದವಳು. ಆಕೆಯೂ ತಾನು ಜಪಾನಿನ ಪ್ರಜೆ ಅಂತ ವಾದಿಸಿದಳು. ಆದರೆ ಸಾಕಿದ ಅಪ್ಪ ದಾಖಲೆಯಲ್ಲಿ ಹೆಸರು ಸೇರಿಸಿರಲಿಲ್ಲ. 1948ರ ಮಾರ್ಚ್‌ನಲ್ಲಿ ಗುಂಡಿಟ್ಟು ಕೊಂದರು. ಇಬ್ಬರ ಅಪರಾಧದ ತೂಕ ಬೇರೆ ಬೇರೆ, ನಿಜ. ಆದರೂ ಬದುಕು ಸಾವಿನ ನಡುವೆ ಇದ್ದದ್ದು ಒಂದು ಕಚೇರಿ ಕಾಗದ. ಅದರಲ್ಲೂ, ನಾನು ನಿಮ್ಮವಳಲ್ಲ, ನಿಮ್ಮ ಮೇಲೆ ದಾಳಿ ಮಾಡಿದ ಶತ್ರುಗಳ ಕಡೆಯವಳು ಅಂತ ರುಜುವಾತು ಮಾಡಿದ್ದಕ್ಕೆ ಯೋಶಿಕೊ ಬದುಕಿದ್ದು.

ಮುಂದಿನ ಹತ್ತು ಹನ್ನೆರಡು ವರ್ಷಗಳನ್ನು ಬೇಗ ಹೇಳಿಬಿಡುತ್ತೇನೆ. ಜಪಾನಿನಲ್ಲಿ ತನ್ನ ನಿಜ ಹೆಸರಿನಲ್ಲಿ ನಟಿಸಿದಳು, 'ಸ್ಕ್ಯಾಂಡಲ್' ಬಂದದ್ದು ಆಗ. ಆಮೇಲೆ ಶರ್ಲಿ ಯಾಮಾಗುಚಿ ಆಗಿ ಅಮೆರಿಕಕ್ಕೆ ಹೋದಳು. 1952ರಲ್ಲಿ ಕಿಂಗ್ ವೀಡರ್ ನಿರ್ದೇಶನದ ಚಿತ್ರದಲ್ಲಿ ಅಮೆರಿಕನ್ ಸೈನಿಕನ ಜಪಾನೀ ಹೆಂಡತಿ, 1955ರಲ್ಲಿ ಸ್ಯಾಮ್ಯುಯೆಲ್ ಫುಲ್ಲರ್ ಅವರ 'ಹೌಸ್ ಆಫ್ ಬ್ಯಾಂಬೂ'. ಇವೆರಡರಲ್ಲೂ ಗೆದ್ದ ದೇಶದ ಗಂಡಸನ್ನು ಪ್ರೀತಿಸುವ ಸೋತ ದೇಶದ ಹೆಣ್ಣಿನ ಪಾತ್ರವೇ. ದೇಶ ಬದಲಾಯಿತು, ಪಾತ್ರ ಬದಲಾಗಲಿಲ್ಲ! ಇದನ್ನು ಅಂದಿನ ವಿಮರ್ಶಕರು ಎಷ್ಟು ಗಮನಿಸಿದರೋ ಏನೋ. ಹಾಂಗ್‌ಕಾಂಗ್‌ನಲ್ಲಿ ಹಳೆಯ ಚೀನೀ ಹೆಸರಿನಲ್ಲಿಯೇ ಕೆಲವು ಚಿತ್ರ, ಹಾಡು ಮಾಡಿದಳು. 1958ರಲ್ಲಿ ಸಿನಿಮಾ ಬಿಟ್ಟಳು.

ಈ ನಡುವೆ 1951ರಲ್ಲಿ ಶಿಲ್ಪಿ ಇಸಾಮು ನೊಗುಚಿ ಜೊತೆ ಮದುವೆಯಾಗಿತ್ತು. ಅಪ್ಪ ಜಪಾನಿನವನು, ಅಮ್ಮ ಅಮೆರಿಕದವಳು. ಯುದ್ಧದ ಕಾಲದಲ್ಲಿ ಅಮೆರಿಕ ತನ್ನ ಜಪಾನೀ ಮೂಲದವರನ್ನು ಕ್ಯಾಂಪುಗಳಲ್ಲಿ ಕೂಡಿಹಾಕಿದಾಗ, ಹೋಗಬೇಕಾದ ಕಟ್ಟಳೆ ಇಲ್ಲದಿದ್ದರೂ ತಾನಾಗಿಯೇ ಅರಿಜೋನಾದ ಕ್ಯಾಂಪಿಗೆ ಹೋದವರು. ಎರಡು ದೇಶಗಳ ನಡುವೆ ಸಿಕ್ಕಿಕೊಂಡ ಇಬ್ಬರು ಒಬ್ಬರಿಗೊಬ್ಬರು ಇಷ್ಟವಾದದ್ದರಲ್ಲಿ ಆಶ್ಚರ್ಯ ಇಲ್ಲ. ಕಾಮಕುರಾ ಬಳಿ ಕುಂಬಾರಿಕೆಯ ಮಹಾ ಕಲಾವಿದ ರೊಸಾನ್‌ಜಿನ್ ಅವರ ಜಾಗದಲ್ಲಿ ಹಳೆಯ ಹಳ್ಳಿಮನೆಯಲ್ಲಿದ್ದರು. ಮದುವೆ ಬಹಳ ದಿನ ನಿಲ್ಲಲಿಲ್ಲ. ಇಲ್ಲಿ ನಮಗೆ ಪರಿಚಯದ ಹೆಸರೊಂದು ಬರುತ್ತದೆ. ಇಸಾಮು ಅವರ ಅಪ್ಪ ಕವಿ ಯೊನೆ ನೊಗುಚಿ. ಚೀನಾದ ಮೇಲಿನ ಯುದ್ಧ ಸರಿಯೇ ಅಂತ 1938ರಲ್ಲಿ ರವೀಂದ್ರನಾಥ ಟ್ಯಾಗೋರರಿಗೆ ಪತ್ರ ಬರೆದು, ಅವರಿಂದ ಖಾರವಾದ ಉತ್ತರ ಪಡೆದವರು ಇವರೇ. ಟ್ಯಾಗೋರ್ ಆ ಉತ್ತರ ಬರೆದ ವರ್ಷವೇ ಯೊನೆ ಅವರ ಮುಂದಿನ ಸೊಸೆ ಮಂಚೂರಿಯಾದಲ್ಲಿ ಮೊದಲ ಚಿತ್ರಕ್ಕೆ ಬಣ್ಣ ಹಚ್ಚಿದ್ದು. ಯಾರೂ ಜೋಡಿಸಿದ್ದಲ್ಲ, ಸುಮ್ನೆ ಹಾಗೆ ಬಿದ್ದಿದೆ.

1958ರಲ್ಲಿ ರಾಜತಾಂತ್ರಿಕ ಹಿರೋಶಿ ಒತಾಕಾ ಜೊತೆ ಎರಡನೇ ಮದುವೆ. ಹತ್ತು ವರ್ಷ ಗೃಹಿಣಿ. 1969ರಲ್ಲಿ ಫುಜಿ ಟಿವಿಯಲ್ಲಿ ಮಧ್ಯಾಹ್ನ ಮೂರು ಗಂಟೆಗೆ ಬರುವ ಕಾರ್ಯಕ್ರಮ ನಡೆಸಿಕೊಡಲು ಕರೆ ಬಂತು. ಹೆಂಗಸರಿಗಾಗಿ ಮಾಡುವ ಹಗುರ ಕಾರ್ಯಕ್ರಮ. ಆಕೆ ಅದರಲ್ಲಿ ತೋರಿಸಿದ್ದು ವಿಯೆಟ್ನಾಂ, ಕಾಂಬೋಡಿಯಾ, ಪ್ಯಾಲೆಸ್ಟೀನ್ ನಿರಾಶ್ರಿತರ ಶಿಬಿರ. ಜಪಾನೀ ರೆಡ್ ಆರ್ಮಿ ಅನ್ನುವ ಎಡಪಂಥದ ಉಗ್ರ ಗುಂಪಿನ ಫುಸಾಕೊ ಶಿಗೆನೊಬು ತಲೆಮರೆಸಿಕೊಂಡಿದ್ದಾಗ ಆಕೆಯನ್ನೂ ಸಂದರ್ಶಿಸಿ ಬಂದರು. 1974ರಲ್ಲಿ ಮೇಲ್ಮನೆಗೆ ಆಯ್ಕೆ, ಆಗ ಆಳುತ್ತಿದ್ದ ಲಿಬರಲ್ ಡೆಮಾಕ್ರಟಿಕ್ ಪಕ್ಷದಿಂದ (ಎಲ್‌ಡಿಪಿ). 18 ವರ್ಷ ಸಂಸದೆ. ಅದಕ್ಕೇ ನೋಡಿ, ಕೈ ತಾನಾಗಿಯೇ ಬಹುವಚನಕ್ಕೆ ಹೋಗಿಬಿಟ್ಟಿದೆ.

ಎಲ್‌ಡಿಪಿ ಸೇರಿದ್ದು ನನಗೆ ಅರ್ಥವಾಗದ ತೀರ್ಮಾನ. ಪ್ಯಾಲೆಸ್ಟೀನ್ ಶಿಬಿರಗಳಿಂದ ನೇರ ಆಳುವ ಪಕ್ಷದ ಬೆಂಚಿಗೆ? ಆದರೆ ಅಲ್ಲಿ ಕೂತು ಸುಮ್ಮನಿರಲಿಲ್ಲ. 1978ರಲ್ಲಿ ಚೀನಾಕ್ಕೆ ಹೋಗಿ, ಹಳೆಯ ಮಾನ್‌ಎಯ್ ಜಾಗದಲ್ಲಿ ಬೆಳೆದ ಚಾಂಗ್‌ಚುನ್ ಸ್ಟುಡಿಯೋದಲ್ಲಿ ಹಳೆಯ ಸಹೋದ್ಯೋಗಿಗಳನ್ನು ಕಂಡರು. ಯುದ್ಧಕಾಲದಲ್ಲಿ ಜಪಾನೀ ಸೈನ್ಯ ಲೈಂಗಿಕ ಗುಲಾಮಗಿರಿಗೆ ತಳ್ಳಿದ ಹೆಂಗಸರಿಗಾಗಿ 1995ರಲ್ಲಿ ಶುರುವಾದ ಏಷ್ಯನ್ ವಿಮೆನ್ಸ್ ಫಂಡ್‌ಗೆ ಉಪಾಧ್ಯಕ್ಷೆಯಾದರು. ಆ ನಿಧಿ ಬಹಳ ಟೀಕೆಗೆ ಒಳಗಾಯಿತು. ಪರಿಹಾರದ ಹಣ ಸರ್ಕಾರದ್ದಲ್ಲ, ಜನರ ದೇಣಿಗೆ, ಹಾಗಾಗಿ ಇದು ಜವಾಬ್ದಾರಿಯಿಂದ ನುಣುಚಿಕೊಳ್ಳುವ ದಾರಿ ಅಂತ ಕೊರಿಯಾದ ಬಹಳ ಸಂತ್ರಸ್ತೆಯರು ಹಣ ಮುಟ್ಟಲಿಲ್ಲ. ಟೀಕೆ ಸರಿಯಾಗಿಯೇ ಇತ್ತು ಅನ್ನುವುದು ನನ್ನ ಅಭಿಪ್ರಾಯ.

ಹಾಗಿದ್ದರೂ ಒಂದು ವಿಷಯದಲ್ಲಿ ನಾನು ಆಕೆಯ ಕಡೆ. ಆ ಕೆನ್ನೆ ಏಟಿನ ಚಿತ್ರ ಒಬ್ಬಳಿಂದ ಆದದ್ದಲ್ಲ. ಬರೆದವರು, ನಿರ್ದೇಶಿಸಿದವರು, ದುಡ್ಡು ಹಾಕಿದವರು ಎಲ್ಲ ಇದ್ದರು. ಹೊಡೆದ ನಾಯಕ ಹಸೆಗಾವಾ ಯುದ್ಧದ ನಂತರವೂ ದೊಡ್ಡ ತಾರೆಯೇ, 1963ರಲ್ಲಿ ಮುನ್ನೂರನೇ ಚಿತ್ರ ಮಾಡಿದರು, ಅದು ಇಂದಿಗೂ ಶ್ರೇಷ್ಠ ಚಿತ್ರಗಳ ಪಟ್ಟಿಯಲ್ಲಿದೆ. ಸಂಗೀತ ಕೊಟ್ಟ ಹತ್ತೋರಿ ಯುದ್ಧದ ನಂತರ ಬೂಗಿ ಅನ್ನುವ ಕುಣಿತದ ಹಾಡುಗಳಿಂದ ಸೋತ ದೇಶವನ್ನೇ ಕುಣಿಸಿದರು. ಅವರ ಕಲೆಯ ಬಗ್ಗೆ ನನಗೆ ಗೌರವ ಇದೆ. ಆದರೆ ಅವರನ್ನು ಎಬ್ಬಿಸಿ ನಿಲ್ಲಿಸಿ, ನೀವು ಯಾಕೆ ಮಾಡಿದಿರಿ ಅಂತ ಹೀಗೆ ಜೀವನಪೂರ್ತಿ ಯಾರೂ ಕೇಳಲಿಲ್ಲ. ಕೇಳಿಸಿಕೊಂಡವಳು ಹೊಡೆಸಿಕೊಂಡ ನಟಿ. ಹದಿಮೂರಕ್ಕೆ ಬೇರೆಯವರು ಶುರುಮಾಡಿದ ಸುಳ್ಳಿಗೆ ಎಪ್ಪತ್ತು ವರ್ಷ ಉತ್ತರ ಕೊಟ್ಟಳು. ಗೊತ್ತಿರಲಿಲ್ಲ ಅಂದಳು, ಕೆಲವೊಮ್ಮೆ ಅದು ನೆವ ಅನ್ನಿಸುವಷ್ಟು ಸಲ. ಇಪ್ಪತ್ತು ದಾಟಿದ ಮೇಲೆ ಗೊತ್ತಿರಲಿಲ್ಲ ಅನ್ನುವ ಮಾತನ್ನು ನಾನು ಪೂರ್ತಿ ಒಪ್ಪುವುದಿಲ್ಲ. ಆದರೆ ಮಾಡಿದ್ದು ತಪ್ಪು ಅನ್ನುವುದರಿಂದ ಒಮ್ಮೆಯೂ ಹಿಂದೆ ಸರಿಯಲಿಲ್ಲ.

ಲ್ಯೂಬಾ? 1990ರ ದಶಕದ ಕೊನೆಯಲ್ಲಿ ರಷ್ಯಾದಲ್ಲಿ ಗೆಳತಿಯರಿಬ್ಬರೂ ಮತ್ತೆ ಭೇಟಿಯಾದರು, ಜಪಾನಿನ ಟಿವಿಯೊಂದು ಹುಡುಕಿಕೊಟ್ಟಿತ್ತು. ಅಷ್ಟು ವರ್ಷ ಹೇಳದೇ ಇದ್ದ ಒಂದು ವಿಷಯವನ್ನು ಲ್ಯೂಬಾ ಆಗ ಹೇಳಿದಳು. ಆಕೆಯ ಸಹೋದರ ಸತ್ತದ್ದು ಜಪಾನಿನ 731ನೇ ಘಟಕದಲ್ಲಿ, ಬದುಕಿರುವ ಮನುಷ್ಯರ ಮೇಲೆ ರೋಗಾಣುಗಳ ಪ್ರಯೋಗ ಮಾಡುತ್ತಿದ್ದ ಆ ಜಾಗದಲ್ಲಿ.

ಯೋಶಿಕೊ 2014ರ ಸೆಪ್ಟೆಂಬರ್ 7ರಂದು, 94ನೇ ವಯಸ್ಸಿನಲ್ಲಿ ತೀರಿಕೊಂಡರು. ಚೀನಾದ ವಿದೇಶಾಂಗ ಇಲಾಖೆಯ ವಕ್ತಾರರು ಸಂತಾಪ ಹೇಳಿದರು, ಒಂದು ಕಾಲಕ್ಕೆ ಗುಂಡಿಡಲು ಹೊರಟಿದ್ದ ನೆಲದಿಂದ.

ನೋಡಬೇಕು ಅನ್ನಿಸಿದವರು 'ಸ್ಕ್ಯಾಂಡಲ್' ಇಂದ ಶುರು ಮಾಡಿ, ಅದು ಸುಲಭವಾಗಿ ಸಿಗುತ್ತದೆ. 'ಹೌಸ್ ಆಫ್ ಬ್ಯಾಂಬೂ' ಕಥೆಗಿಂತ ಅದರಲ್ಲಿನ ಐವತ್ತರ ದಶಕದ ಟೋಕಿಯೊ ಬೀದಿಗಳಿಗಾಗಿ ನೋಡಬಹುದು. ಹಾಡುಗಳನ್ನು ಮಾತ್ರ 1940ರ ದಶಕದ ಮೂಲ ರೆಕಾರ್ಡಿಂಗ್‌ನಲ್ಲೇ ಕೇಳಿ, ಐವತ್ತರಲ್ಲಿ ಮತ್ತೆ ಹಾಡಿದವುಗಳಲ್ಲಿ ದನಿ ಪಳಗಿದೆ, ಆದರೆ ಆ ತುಂಟತನ ಇಲ್ಲ. 'ಶಿನಾ ನೊ ಯೊರು' ಬಗ್ಗೆ ನನ್ನ ಸಲಹೆ, ಕೊನೆಗೆ ಇಟ್ಟುಕೊಳ್ಳಿ, ಆದರೆ ಬಿಡಬೇಡಿ. ಕೆನ್ನೆಗೆ ಏಟು ಬೀಳುವ ದೃಶ್ಯ ಬಂದಾಗ ಹೊಡೆದವನನ್ನೂ ಸ್ವಲ್ಪ ನೋಡಿ. ಆತ ಎಷ್ಟು ಆರಾಮಾಗಿದ್ದಾನೆ ಅಂತ.